ಫ್ಲೆಕ್ಸಿನಲ್ಲಿದ್ದ ಸೇತುವೆ ಮತ್ತು ಬಜೆಟ್ಟಿನ ನಾಲ್ಕು ಅಂಕಣಗಳು

ರಾಜ್ಯ ಬಜೆಟ್ ಮಂಡನೆಯಾದ ಮರುದಿನ ಬೆಳಿಗ್ಗೆ ನಮ್ಮ ತಾಲ್ಲೂಕು ಕೇಂದ್ರದ ಬಸ್ ನಿಲ್ದಾಣದ ಎದುರು ಒಂದು ಫ್ಲೆಕ್ಸ್ ಏಳುತ್ತದೆ. ಅಭಿನಂದನೆ ಯಾರಿಗೆ, ಅಭಿನಂದಿಸುವವರು ಯಾರು ಎಂಬುದು ಸರ್ಕಾರ ಬದಲಾದಂತೆ ಬದಲಾಗುತ್ತದೆ. ಒಕ್ಕಣೆ ಮಾತ್ರ ಹಾಗೆಯೇ ಇರುತ್ತದೆ. ಕೆಲವು ವರ್ಷಗಳ ಹಿಂದೆ ಅಂಥದೊಂದು ಫ್ಲೆಕ್ಸಿನಲ್ಲಿ ನಮ್ಮೂರ ಹಳ್ಳದ ಹೆಸರೂ ಕಾಣಿಸಿಕೊಂಡಿತ್ತು. ಮಲೆನಾಡಿನ ಹಲವು ಊರುಗಳಂತೆ ನಮ್ಮಲ್ಲಿಯೂ ಮಳೆಗಾಲ ಹಿಡಿಯುವ ಮೊದಲು ಮೂರು ಅಡಿಕೆ ಮರಗಳನ್ನು ಜೋಡಿಸಿ, ತಂತಿ ಬಿಗಿದು, ಹಿಡಿದುಕೊಳ್ಳಲು ಒಂದು ಬದಿಗೆ ಬಿದಿರು ಕಟ್ಟಿ ಕಾಲುಸಂಕ ಹಾಕುವ ಪದ್ಧತಿಯಿದೆ. ಜುಲೈ ತಿಂಗಳಿನಲ್ಲಿ ಅದರ ಮೇಲೆ ಪಾಚಿ ಕಟ್ಟಿದಾಗ ಶಾಲೆಗೆ ಹೋಗುವ ಮಕ್ಕಳನ್ನು ಒಬ್ಬೊಬ್ಬರನ್ನಾಗಿ ದಾಟಿಸಲು ದೊಡ್ಡವರೊಬ್ಬರು ನಿಲ್ಲಬೇಕಾಗುತ್ತದೆ. ಆ ಜಾಗಕ್ಕೆ ಕಾಂಕ್ರೀಟ್ ಸೇತುವೆ ಮಂಜೂರಾಗಿದೆಯೆಂದು ಫ್ಲೆಕ್ಸ್ ಹೇಳುತ್ತಿತ್ತು.

ಮೂವತ್ತು ವರ್ಷ ಹೈಸ್ಕೂಲಿನಲ್ಲಿ ಗಣಿತ ಕಲಿಸಿ ನಿವೃತ್ತನಾದ ನನಗೆ ಅಂಕಿಗಳನ್ನು ಕಂಡರೆ ಅಂಜಿಕೆಯಿಲ್ಲ. ಆದರೆ ಆ ಸೇತುವೆಯ ಹಣವನ್ನು ಬಜೆಟ್ಟಿನಲ್ಲಿ ಎಲ್ಲಿ ಹುಡುಕಬೇಕೆಂಬುದು ಮಾತ್ರ ಗೊತ್ತಿರಲಿಲ್ಲ. ಭಾಷಣದ ಪ್ರತಿಯನ್ನು ಎರಡು ಬಾರಿ ಓದಿದರೂ ಹಳ್ಳದ ಹೆಸರು ಸಿಗಲಿಲ್ಲ. ಎರಡು ವರ್ಷ ಕಳೆದರೂ ಕೆಲಸ ಶುರುವಾಗದಿದ್ದಾಗ ಸಂಬಂಧಪಟ್ಟ ಕಚೇರಿಗೆ ಹೋಗಿ, ಕಿರಿಯ ಇಂಜಿನಿಯರರೊಬ್ಬರನ್ನು ವಿಚಾರಿಸಿದೆ. ಅವರು ಮೇಜಿನ ಮೇಲಿನ ಕಡತವನ್ನು ಮುಚ್ಚಿ, ಸ್ವಲ್ಪ ಹೊತ್ತು ನನ್ನನ್ನೇ ನೋಡಿ, "ಮೇಷ್ಟ್ರೇ, ಭಾಷಣ ಓದಿದ್ರೆ ಏನೂ ಸಿಗಲ್ಲ. ಲೆಕ್ಕಶೀರ್ಷಿಕೆ ಹಿಡ್ಕೊಂಡು ನೋಡಿ" ಎಂದರು. ಆಮೇಲೆ ಒಂದು ಚೀಟಿಯಲ್ಲಿ ಹದಿನೈದು ಅಂಕಿಗಳ ಸಂಖ್ಯೆಯೊಂದನ್ನು ಬರೆದುಕೊಟ್ಟರು. ಅಂದಿನಿಂದ ಪ್ರತಿವರ್ಷ ಆರ್ಥಿಕ ಇಲಾಖೆಯ ಜಾಲತಾಣದಿಂದ ವಿವರವಾದ ಅಂದಾಜುಗಳ ಸಂಪುಟವನ್ನು ಇಳಿಸಿಕೊಂಡು ಓದುವ ಚಟ ನನಗೆ ಅಂಟಿಕೊಂಡಿದೆ.

ಲೆಕ್ಕಶೀರ್ಷಿಕೆಯೆಂದರೆ ಬಜೆಟ್ಟಿನಲ್ಲಿ ಒಂದೊಂದು ಬಗೆಯ ಖರ್ಚಿಗೂ ಕೊಟ್ಟಿರುವ ಸಂಖ್ಯೆ. ಆ ಹದಿನೈದು ಅಂಕಿಗಳಿಗೂ ಒಂದು ವ್ಯಾಕರಣವಿದೆ. ಮೊದಲ ನಾಲ್ಕು ಅಂಕಿಗಳು ಪ್ರಧಾನ ಶೀರ್ಷಿಕೆ. ಅದು 2 ಅಥವಾ 3ರಿಂದ ಆರಂಭವಾದರೆ ರಾಜಸ್ವ ವೆಚ್ಚ, ಅಂದರೆ ದಿನನಿತ್ಯ ನಡೆಸಿಕೊಂಡು ಹೋಗುವ ಖರ್ಚು; 4 ಅಥವಾ 5ರಿಂದ ಆರಂಭವಾದರೆ ಬಂಡವಾಳ ವೆಚ್ಚ, ಅಂದರೆ ಆಸ್ತಿ ಕಟ್ಟುವ ಖರ್ಚು. ರಸ್ತೆ ಮತ್ತು ಸೇತುವೆಗಳ ದುರಸ್ತಿ, ನಿರ್ವಹಣೆ 3054ರಲ್ಲಿ ಬರುತ್ತವೆ. ಹೊಸದಾಗಿ ಕಟ್ಟುವುದು 5054ರಲ್ಲಿ. ಸಣ್ಣ ನೀರಾವರಿಗೂ ಹೀಗೆಯೇ 2702 ಮತ್ತು 4702 ಎಂಬ ಜೋಡಿಯಿದೆ. ಸಾವಿರದ ಸ್ಥಾನದ ಅಂಕಿಗೆ ಎರಡು ಕೂಡಿಸಿದರೆ ನಿರ್ವಹಣೆಯಿಂದ ನಿರ್ಮಾಣಕ್ಕೆ ದಾಟುತ್ತೇವೆ, ಅಷ್ಟೇ. 5054ರ ಕೆಳಗೆ 03 ಎಂದರೆ ರಾಜ್ಯ ಹೆದ್ದಾರಿ, 04 ಎಂದರೆ ಜಿಲ್ಲಾ ಮತ್ತು ಇತರೆ ರಸ್ತೆಗಳು. ಇನ್ನೂ ಕೆಳಗಿಳಿದರೆ 337 ಎಂದರೆ ರಸ್ತೆ ಕಾಮಗಾರಿ. ಇಡೀ ದೇಶದಲ್ಲಿ ಕೇಂದ್ರಕ್ಕೂ ಎಲ್ಲ ರಾಜ್ಯಗಳಿಗೂ ಪ್ರಧಾನ ಶೀರ್ಷಿಕೆಯ ಈ ಸಂಖ್ಯೆಗಳು ಒಂದೇ. ಇಷ್ಟು ಅಚ್ಚುಕಟ್ಟಾದ ಏರ್ಪಾಡನ್ನು ನಾವು ಮಕ್ಕಳಿಗೆ ಪೌರನೀತಿಯ ಪಾಠದಲ್ಲಿ ಒಂದು ಸಲವೂ ತೋರಿಸಲಿಲ್ಲವಲ್ಲ ಎಂದು ಈಗ ಅನ್ನಿಸುತ್ತದೆ.

ಆದರೆ ನಿಜವಾದ ಕಥೆಯಿರುವುದು ಆ ಸಂಖ್ಯೆಯ ಮುಂದಿರುವ ನಾಲ್ಕು ಅಂಕಣಗಳಲ್ಲಿ. 2025-26ರ ಸಂಪುಟವನ್ನೇ ತೆಗೆದುಕೊಂಡರೆ ಮೊದಲ ಅಂಕಣದಲ್ಲಿ 2023-24ರ ಲೆಕ್ಕ, ಅಂದರೆ ವಾಸ್ತವವಾಗಿ ಖರ್ಚಾದ ಹಣ ಇರುತ್ತದೆ. ಎರಡನೆಯದು 2024-25ಕ್ಕೆ ಸದನವು ಒಪ್ಪಿಕೊಟ್ಟಿದ್ದ ಅಂದಾಜು, ಮೂರನೆಯದು ಅದೇ ವರ್ಷದ ಪರಿಷ್ಕೃತ ಅಂದಾಜು, ನಾಲ್ಕನೆಯದು ಹೊಸ ವರ್ಷದ ಅಂದಾಜು. ಪತ್ರಿಕೆಗಳ ಮುಖಪುಟಕ್ಕೂ ಟಿವಿ ಚರ್ಚೆಗೂ ಬರುವುದು ನಾಲ್ಕನೆಯ ಅಂಕಣ ಮಾತ್ರ. ಎರಡನೆಯದರ ಪಕ್ಕದಲ್ಲಿ ಮೂರನೆಯದನ್ನು ಇಟ್ಟು ನೋಡಿದರೆ ಹೋದ ವರ್ಷ ಕೊಟ್ಟ ಮಾತಿನಲ್ಲಿ ಎಷ್ಟನ್ನು ಹಿಂದಕ್ಕೆ ಪಡೆದಿದ್ದಾರೆಂಬುದು ತಿಳಿಯುತ್ತದೆ. ಎರಡು ವರ್ಷಗಳ ನಂತರದ ಸಂಪುಟ ಬಂದಾಗ ಅದರ ಮೊದಲ ಅಂಕಣವನ್ನು ಹಳೆಯ ಸಂಪುಟದ ನಾಲ್ಕನೆಯದರೊಂದಿಗೆ ತಾಳೆ ಹಾಕುತ್ತ ಹೋದರೆ ಪ್ರತಿ ಶೀರ್ಷಿಕೆಯ ನಾಡಿ ಸಿಗುತ್ತದೆ. ನಮ್ಮ ಸೇತುವೆ ಸೇರಿದ್ದ ಶೀರ್ಷಿಕೆಯಲ್ಲಿ ಹಣ ಇದ್ದೇ ಇತ್ತು. ಆದರೆ ಅದು ಜಿಲ್ಲೆ ಜಿಲ್ಲೆಗಳಲ್ಲಿ ಈಗಾಗಲೇ ನಡೆಯುತ್ತಿರುವ ಕಾಮಗಾರಿಗಳ ಬಾಕಿ ಬಿಲ್ಲುಗಳಿಗೇ ಸಾಲುವಂತಿರಲಿಲ್ಲ.

ಹೀಗಾಗುವುದಕ್ಕೆ ಕಾರಣ ಕಳ್ಳತನವೆಂದು ನಾನು ಮೊದಲು ತಿಳಿದಿದ್ದೆ. ಕಳ್ಳತನ ಇಲ್ಲವೆಂದು ಹೇಳುವಷ್ಟು ಮುಗ್ಧನಲ್ಲ. ಆದರೂ ಪದ್ಧತಿಯ ಒಳಗೇ ಇರುವ ದೋಷ ಅದಕ್ಕಿಂತ ದೊಡ್ಡದು. ಒಂದು ಶೀರ್ಷಿಕೆಯಡಿ ವರ್ಷಕ್ಕೆ ನೂರು ರೂಪಾಯಿ ಇದ್ದರೆ, ಆ ಶೀರ್ಷಿಕೆಯಡಿ ಆಡಳಿತಾತ್ಮಕ ಅನುಮೋದನೆ ಕೊಟ್ಟ ಕಾಮಗಾರಿಗಳ ಒಟ್ಟು ಅಂದಾಜು ಮೊತ್ತ ನೂರಕ್ಕೇ ನಿಲ್ಲಬೇಕೆಂದೇನೂ ಇಲ್ಲ. ಮುನ್ನೂರೋ ನಾನೂರೋ ಆಗಿರಬಹುದು. ಪ್ರತಿ ಶಾಸಕರಿಗೂ ತಮ್ಮ ಕ್ಷೇತ್ರದಲ್ಲಿ ಗುದ್ದಲಿ ಪೂಜೆ ನಡೆಯಬೇಕು, ಗುದ್ದಲಿ ಪೂಜೆಗೆ ಕಾರ್ಯಾದೇಶ ಬೇಕು, ಕಾರ್ಯಾದೇಶಕ್ಕೆ ಒಂದು ಲೆಕ್ಕಶೀರ್ಷಿಕೆ ಮತ್ತು ಅದರಲ್ಲಿ ಸಾಂಕೇತಿಕವಾಗಿ ಒಂದಿಷ್ಟು ಹಣವಿದ್ದರೆ ಸಾಕಾಗುತ್ತದೆ. ಹೀಗೆ ಹತ್ತು ಎಲೆ ಹಾಕಿ ನಾಲ್ಕು ಎಲೆಗೆ ಸಾಲುವಷ್ಟು ಅನ್ನ ಬಡಿಸಿದಂತೆ ಹಣ ಹಂಚಿಹೋಗುತ್ತದೆ. ಎರಡು ವರ್ಷದಲ್ಲಿ ಮುಗಿಯಬೇಕಾದ ಕೆಲಸ ಆರು ವರ್ಷಕ್ಕೆ ಎಳೆಯುತ್ತದೆ. ಅಷ್ಟರಲ್ಲಿ ದರಪಟ್ಟಿ ಪರಿಷ್ಕರಣೆಯಾಗಿ ಸಿಮೆಂಟು, ಕಬ್ಬಿಣ, ಕೂಲಿ ಎಲ್ಲದರ ದರ ಏರಿ, ಅಂದಾಜು ಪಟ್ಟಿಯನ್ನೇ ಹೊಸದಾಗಿ ಬರೆಯಬೇಕಾಗುತ್ತದೆ. ಗುತ್ತಿಗೆದಾರರು ಬಾಕಿಗಾಗಿ ಬೆಂಗಳೂರಿಗೆ ಅಲೆಯುತ್ತಾರೆ. ಆ ಅಲೆದಾಟದ ಖರ್ಚನ್ನೂ ಬಾಕಿಯ ಬಡ್ಡಿಯನ್ನೂ ಮುಂದಿನ ಟೆಂಡರಿನ ದರದಲ್ಲಿ ಸೇರಿಸದೆ ಬಿಡುವುದಿಲ್ಲ.

ದೊಡ್ಡ ಯೋಜನೆಗಳಲ್ಲಿ ಇದೇ ರೋಗ ದೊಡ್ಡ ಅಕ್ಷರಗಳಲ್ಲಿ ಕಾಣುತ್ತದೆ. ಪಶ್ಚಿಮ ಘಟ್ಟದ ಹಳ್ಳಗಳ ನೀರನ್ನು ಎತ್ತಿ ಕೋಲಾರ, ಚಿಕ್ಕಬಳ್ಳಾಪುರದ ಕಡೆಗೆ ಒಯ್ಯುವ ಎತ್ತಿನಹೊಳೆ ಯೋಜನೆಗೆ 2012ರಲ್ಲಿ ಅನುಮೋದನೆ ಸಿಕ್ಕಾಗ ಅದರ ವೆಚ್ಚ 8,323 ಕೋಟಿ ರೂಪಾಯಿ ಇತ್ತು. 2014ರಲ್ಲಿ ಅದು 12,912 ಕೋಟಿಯಾಯಿತು, 2023ರಲ್ಲಿ 23,251 ಕೋಟಿಗೆ ಮುಟ್ಟಿತು. 2024ರ ಸೆಪ್ಟೆಂಬರ್ 6ರಂದು, ಗೌರಿ ಹಬ್ಬದ ದಿನ, ಸಕಲೇಶಪುರದ ಬಳಿ ನೀರೆತ್ತುವ ಮೊದಲ ಹಂತಕ್ಕೆ ಚಾಲನೆ ಸಿಕ್ಕಿತು. ಘಟ್ಟದ ಕಾಡಿಗೆ ಈ ಯೋಜನೆ ಏನು ಮಾಡಿತೆಂಬ ಬಗ್ಗೆ ನನಗೆ ಬೇರೆಯೇ ತಕರಾರುಗಳಿವೆ; ಅವನ್ನು ಇಲ್ಲಿ ತೆಗೆಯುವುದಿಲ್ಲ. ಹನ್ನೊಂದು ವರ್ಷದಲ್ಲಿ ವೆಚ್ಚ ಸುಮಾರು ಮೂರು ಪಟ್ಟಾಯಿತೆಂಬುದನ್ನು ಮಾತ್ರ ಗಮನಿಸಬೇಕು. ಪ್ರತಿ ವರ್ಷ ಸದನವು ಒಪ್ಪಿಗೆ ಕೊಟ್ಟದ್ದು ಆ ವರ್ಷದ ಕಂತಿಗೆ. ಇಡೀ ಯೋಜನೆಯ ಬೆಲೆ ಏರಿದಾಗಲೆಲ್ಲ ಅದಕ್ಕೆ ಒಪ್ಪಿಗೆ ಕೊಟ್ಟದ್ದು ಸಚಿವ ಸಂಪುಟ.

ಸದನದ ಅಧಿಕಾರ ಕಡಿಮೆಯಾದದ್ದೇನಲ್ಲ. ಸಂವಿಧಾನದ 202ನೆಯ ವಿಧಿಯಂತೆ ರಾಜ್ಯಪಾಲರು ವಾರ್ಷಿಕ ಹಣಕಾಸಿನ ಅಂದಾಜನ್ನು ಸದನದ ಮುಂದೆ ಇಡಿಸಬೇಕು. 203ನೆಯ ವಿಧಿಯಂತೆ ಪ್ರತಿ ಇಲಾಖೆಯ ಅನುದಾನದ ಬೇಡಿಕೆಯೂ ವಿಧಾನಸಭೆಯಲ್ಲಿ ಮತಕ್ಕೆ ಬರಬೇಕು; ಸಭೆ ಅದನ್ನು ಒಪ್ಪಬಹುದು, ನಿರಾಕರಿಸಬಹುದು, ಕಡಿತ ಮಾಡಬಹುದು, ಹೆಚ್ಚಿಸುವಂತಿಲ್ಲ. ಲೋಕೋಪಯೋಗಿ ಇಲಾಖೆಯದು 20ನೆಯ ಬೇಡಿಕೆ, ಜಲಸಂಪನ್ಮೂಲದ್ದು 21ನೆಯದು. ಸಾಲದ ಬಡ್ಡಿಯಂತಹ ಪ್ರಭೃತ (ಕೊಡಲೇಬೇಕಾದ) ವೆಚ್ಚಗಳನ್ನು ಚರ್ಚಿಸಬಹುದಾದರೂ ಮತಕ್ಕೆ ಹಾಕುವಂತಿಲ್ಲ. ಕೊನೆಯಲ್ಲಿ 204ನೆಯ ವಿಧಿಯಡಿ ಧನವಿನಿಯೋಗ ವಿಧೇಯಕ ಅಂಗೀಕಾರವಾದ ಮೇಲೆಯೇ ಸಂಚಿತ ನಿಧಿಯಿಂದ, ಅಂದರೆ ಸರ್ಕಾರದ ಮುಖ್ಯ ಖಜಾನೆಯಿಂದ, ಒಂದು ರೂಪಾಯಿಯನ್ನಾದರೂ ತೆಗೆಯಬಹುದು. ವಿಧಾನ ಪರಿಷತ್ತಿಗೆ ಬೇಡಿಕೆಗಳ ಮೇಲೆ ಮತವಿಲ್ಲ. ಧನ ವಿಧೇಯಕವನ್ನು ಹದಿನಾಲ್ಕು ದಿನಗಳೊಳಗೆ ಹಿಂದಿರುಗಿಸಬೇಕು. ಕಾಗದದ ಮೇಲೆ ಇದು ಬಹಳ ಬಿಗಿಯಾದ ಬೀಗ.

ಬೀಗದ ಕೈ ಎಷ್ಟು ಸಲೀಸಾಗಿ ತಿರುಗುತ್ತದೆಂಬುದು ಬೇರೆ ಮಾತು. ಬಜೆಟ್ ಮೇಲಿನ ಸಾಮಾನ್ಯ ಚರ್ಚೆಯಲ್ಲಿ ಎದ್ದು ನಿಂತ ಶಾಸಕರು ಹೆಚ್ಚಾಗಿ ಮಾತಾಡುವುದು ತಮ್ಮ ಕ್ಷೇತ್ರಕ್ಕೆ ಏನು ಬಂತು, ಏನು ಬರಲಿಲ್ಲ ಎಂಬುದನ್ನು. ಅದು ತಪ್ಪಲ್ಲ, ಅವರನ್ನು ಆರಿಸಿದ್ದೇ ಅದಕ್ಕೆ. ಆದರೆ 5054ರಲ್ಲಿ ಒಪ್ಪಿದ ಹಣ, ಖರ್ಚಾದ ಹಣ ಮತ್ತು ಒಪ್ಪಿಕೊಂಡ ಕಾಮಗಾರಿಗಳ ಒಟ್ಟು ಹೊರೆ ಈ ಮೂರನ್ನು ಒಟ್ಟಿಗೆ ಇಟ್ಟು ಕೇಳುವವರು ವಿರಳ. ವರ್ಷಕ್ಕೆ ಕನಿಷ್ಠ 60 ದಿನ ಸದನ ಸೇರಬೇಕೆಂದು ನಮ್ಮ ರಾಜ್ಯವೇ 2005ರಲ್ಲಿ ಕಾನೂನು ಮಾಡಿಕೊಂಡಿದೆ. ಬಹುತೇಕ ವರ್ಷಗಳಲ್ಲಿ ಆ ಸಂಖ್ಯೆಯನ್ನು ಮುಟ್ಟಿಲ್ಲ. ಸೇರಿದ ದಿನಗಳಲ್ಲೂ ಗದ್ದಲಕ್ಕೆ ಹೋದಷ್ಟು ಹೊತ್ತು ಬೇಡಿಕೆಗಳಿಗೆ ಉಳಿಯುವುದಿಲ್ಲ. ಸಂಸತ್ತಿನಲ್ಲಿ 1993ರಿಂದ ಇಲಾಖಾವಾರು ಸ್ಥಾಯಿ ಸಮಿತಿಗಳು ಬೇಡಿಕೆಗಳನ್ನು ಮತಕ್ಕೆ ಹಾಕುವ ಮೊದಲೇ ಪರಿಶೀಲಿಸುತ್ತವೆ. ಕೇರಳದ ವಿಧಾನಸಭೆಯಲ್ಲಿಯೂ ವಿಷಯವಾರು ಸಮಿತಿಗಳಿವೆ. ಬೆಂಗಳೂರಿನಲ್ಲಿಯೂ ಅಂಥದೊಂದು ಜರಡಿಯಿದ್ದು, ಲೋಕೋಪಯೋಗಿ ಇಲಾಖೆಯ ಕಾರ್ಯದರ್ಶಿಯನ್ನು ಕೂರಿಸಿಕೊಂಡು ಬಾಕಿ ಬಿಲ್ಲುಗಳ ಪಟ್ಟಿಯನ್ನು ಎರಡು ದಿನ ತಿರುವಿಹಾಕಿದರೆ, ಹೊಸ ಕಾಮಗಾರಿಗಳನ್ನು ಒಪ್ಪುವ ಕೈ ಸ್ವಲ್ಪವಾದರೂ ನಡುಗೀತು. ನಮ್ಮಲ್ಲಿರುವ ಸಾರ್ವಜನಿಕ ಲೆಕ್ಕಪತ್ರಗಳ ಸಮಿತಿ, ಮಹಾಲೆಕ್ಕಪರಿಶೋಧಕರ ವರದಿಯನ್ನು ಹಿಡಿದು ಒಳ್ಳೆಯ ಕೆಲಸವನ್ನೇ ಮಾಡುತ್ತದೆ. ಆದರೆ ಅದರ ಕಣ್ಣಿಗೆ ಬೀಳುವುದು ಖರ್ಚಾಗಿ ಹೋದ ಹಣ.

ಪೂರಕ ಅಂದಾಜುಗಳದ್ದು ಇನ್ನೊಂದು ಕಥೆ. ವರ್ಷದ ನಡುವೆ ಅನಿರೀಕ್ಷಿತ ಖರ್ಚು ಬಂದಾಗ 205ನೆಯ ವಿಧಿಯಡಿ ಸದನವನ್ನು ಮತ್ತೆ ಕೇಳಬೇಕು. ಅಲ್ಲಿಯವರೆಗೆ ತಡೆಯಲಾಗದಿದ್ದರೆ ಸಾದಿಲ್ವಾರು ನಿಧಿಯಿಂದ ಮುಂಗಡ ಪಡೆಯಬಹುದು. ನೆರೆ ಬಂದು ಸೇತುವೆ ಕೊಚ್ಚಿಹೋದಾಗ ಬೇಕಾಗುವ ಏರ್ಪಾಡು ಇದು. ಕಂತು ಕಂತಾಗಿ ಬರುವ ಈ ಅಂದಾಜುಗಳ ಪುಸ್ತಕಗಳಲ್ಲಿ ನೆರೆಯ ಪಕ್ಕದಲ್ಲೇ ಮಾರ್ಚ್ ತಿಂಗಳಿನಲ್ಲಿಯೇ ಗೊತ್ತಿದ್ದ ಖರ್ಚುಗಳೂ ಕುಳಿತಿರುತ್ತವೆ. ಬಜೆಟ್ ದಿನದ ದೊಡ್ಡ ಮೊತ್ತವನ್ನು ಹಿಗ್ಗಿಸದೆ ಆಮೇಲೆ ಹಿಂಬಾಗಿಲಿನಿಂದ ಸೇರಿಸಿದ್ದೆಂದು ನನಗೆ ಅನುಮಾನ ಬರುವುದು ಅಲ್ಲಿ.

ಹಣವೇ ಇಲ್ಲವೆಂದಲ್ಲ. 2025ರ ಮಾರ್ಚ್ 7ರಂದು ಮುಖ್ಯಮಂತ್ರಿ ಸಿದ್ದರಾಮಯ್ಯನವರು ತಮ್ಮ ಹದಿನಾರನೆಯ ಬಜೆಟ್ ಮಂಡಿಸಿದಾಗ ಒಟ್ಟು ಗಾತ್ರ 4,09,549 ಕೋಟಿ ರೂಪಾಯಿ. ಅದರಲ್ಲಿ ರಾಜಸ್ವ ವೆಚ್ಚ 3,11,739 ಕೋಟಿ, ಸಾಲದ ಮರುಪಾವತಿ 26,474 ಕೋಟಿ, ಬಂಡವಾಳ ವೆಚ್ಚ 71,336 ಕೋಟಿ. ಹಿಂದಿನ ವರ್ಷ ಬಂಡವಾಳಕ್ಕೆ ಇಟ್ಟಿದ್ದು 55,877 ಕೋಟಿ. ನೂರು ರೂಪಾಯಿಯಲ್ಲಿ ಹದಿನೈದು ಇದ್ದದ್ದು ಹದಿನೇಳನ್ನು ದಾಟಿತು, ಒಳ್ಳೆಯದೇ. ಆದರೆ 2002ರ ವಿತ್ತೀಯ ಹೊಣೆಗಾರಿಕೆ ಅಧಿನಿಯಮದಂತೆ ವಿತ್ತೀಯ ಕೊರತೆ, ಅಂದರೆ ವರ್ಷದ ಖರ್ಚಿನಲ್ಲಿ ಸಾಲದಿಂದ ತುಂಬಬೇಕಾದ ಭಾಗ, ರಾಜ್ಯದ ಒಟ್ಟು ಉತ್ಪನ್ನದ ಶೇ 3ನ್ನು, ಒಟ್ಟು ಸಾಲ ಶೇ 25ನ್ನು ಮೀರಬಾರದು. ಈ ಬಜೆಟ್ಟಿನಲ್ಲಿ ಕೊರತೆ ಶೇ 2.95, ಸಾಲ ಶೇ 24.91. ತುಂಬಿದ ಕೊಡವನ್ನು ತಲೆಯ ಮೇಲಿಟ್ಟುಕೊಂಡು ನಡೆದ ಹಾಗೆ ಇದು. ವರ್ಷದ ನಡುವೆ ತೆರಿಗೆ ವಸೂಲಿ ಅಂದಾಜಿಗಿಂತ ಕಡಿಮೆಯಾದರೆ ಎಲ್ಲಿಂದಲೋ ಕಡಿಯಲೇಬೇಕು. ಸಂಬಳ, ಪಿಂಚಣಿ, ಬಡ್ಡಿಗಳನ್ನು ಮುಟ್ಟುವಂತಿಲ್ಲ. 51,034 ಕೋಟಿಯ ಗ್ಯಾರಂಟಿ ಯೋಜನೆಗಳನ್ನು ಮುಟ್ಟುವ ಧೈರ್ಯ ಯಾವ ಸರ್ಕಾರಕ್ಕೂ ಇರುವುದಿಲ್ಲ. ನಮ್ಮೂರಿನ ಹೆಣ್ಣುಮಕ್ಕಳು ತಾಲ್ಲೂಕು ಆಸ್ಪತ್ರೆಗೆ ಟಿಕೆಟ್ಟಿಲ್ಲದೆ ಬಸ್ಸಿನಲ್ಲಿ ಹೋಗಿ ಬರುವುದನ್ನು ನೋಡಿದ ನಾನು ಮುಟ್ಟಬೇಕೆಂದೂ ಹೇಳಲಾರೆ. ಕೊನೆಗೆ ಕತ್ತರಿ ಬೀಳುವುದು ಬಾಯಿಲ್ಲದ ಬಂಡವಾಳ ವೆಚ್ಚಕ್ಕೆ. ಕಡಿತವೆಂದು ಯಾರೂ ಪ್ರಕಟಿಸುವುದಿಲ್ಲ. ಕಂತು ಬಿಡುಗಡೆ ತಡವಾಗುತ್ತದೆ, ಬಿಲ್ಲು ಮುಂದಿನ ಏಪ್ರಿಲಿಗೆ ಜಾರುತ್ತದೆ, ಮೂರನೆಯ ಅಂಕಣದ ಅಂಕಿ ಸದ್ದಿಲ್ಲದೆ ಸಣ್ಣದಾಗುತ್ತದೆ.

ಇಂಥ ಇಕ್ಕಟ್ಟಿನಲ್ಲಿಯೇ 2025ರ ಸೆಪ್ಟೆಂಬರ್‌ನಲ್ಲಿ ಸಚಿವ ಸಂಪುಟ ಕೃಷ್ಣಾ ಮೇಲ್ದಂಡೆ ಯೋಜನೆಯ ಮೂರನೆಯ ಹಂತಕ್ಕೆ ಭೂಮಿ ಕಳೆದುಕೊಳ್ಳುವವರಿಗೆ ಪರಿಹಾರ ನಿಗದಿಪಡಿಸಿತು. ಆಲಮಟ್ಟಿಯ ನೀರಿನ ಮಟ್ಟವನ್ನು 519.6 ಮೀಟರಿನಿಂದ 524.256 ಮೀಟರಿಗೆ ಏರಿಸಿದಾಗ ಮುಳುಗುವ ನೀರಾವರಿ ಜಮೀನಿಗೆ ಎಕರೆಗೆ 40 ಲಕ್ಷ, ಖುಷ್ಕಿ ಜಮೀನಿಗೆ 30 ಲಕ್ಷ. ಮುಳುಗಡೆಯ ಸಂತ್ರಸ್ತರಿಗೆ ಇದು ನ್ಯಾಯವೇ. ಲಿಂಗನಮಕ್ಕಿಯಲ್ಲಿ ಮನೆಮಠ ಕಳೆದುಕೊಂಡವರ ಮಕ್ಕಳಿಗೆ ಪಾಠ ಹೇಳಿದ ನಾನು ಅದಕ್ಕೆ ಎರಡು ಮಾತಾಡುವುದಿಲ್ಲ. ಆದರೆ ಒಟ್ಟು ಹೊರೆ ಸುಮಾರು 70,000 ಕೋಟಿ, ನಾಲ್ಕು ವರ್ಷಗಳಲ್ಲಿ ಕೊಡಬೇಕಾದದ್ದು. ಮೇಲಿನ ಸಾಲಿನಲ್ಲಿರುವ ಇಡೀ ರಾಜ್ಯದ ಒಂದು ವರ್ಷದ ಬಂಡವಾಳ ವೆಚ್ಚದ ಪಕ್ಕದಲ್ಲಿ ಅದನ್ನು ಇಟ್ಟು ನೋಡಬೇಕು.

ದೆಹಲಿಯ ಭಾಷಣಕ್ಕೂ ಇದೇ ಅಳತೆಗೋಲು. 2023ರ ಫೆಬ್ರವರಿ 1ರಂದು ಹಣಕಾಸು ಸಚಿವೆ ನಿರ್ಮಲಾ ಸೀತಾರಾಮನ್ ಅವರು ಭದ್ರಾ ಮೇಲ್ದಂಡೆ ಯೋಜನೆಗೆ 5,300 ಕೋಟಿ ರೂಪಾಯಿ ನೆರವು ಕೊಡುವುದಾಗಿ ಲೋಕಸಭೆಯಲ್ಲಿ ಓದಿದರು. ಚಿತ್ರದುರ್ಗದಲ್ಲಿ ಅಂದು ಪಟಾಕಿ ಹಾರಿಸುವುದಕ್ಕೆ ಕಾರಣವಿತ್ತು. ಅದೇ ತಿಂಗಳು ಮಂಡಿಸಿದ ರಾಜ್ಯ ಬಜೆಟ್ಟಿನ ಭಾಷಣದಲ್ಲಿಯೂ ಆ ಮಾತು ಬಂತು. ನಂತರ ಬಂದ ರಾಜ್ಯ ಸರ್ಕಾರವು ಆ ಹಣ ಬಿಡುಗಡೆಯಾಗಿಲ್ಲವೆಂದು ವರ್ಷ ವರ್ಷವೂ ದೂರುತ್ತ ಬಂದಿದೆ. ತಪ್ಪು ಯಾರದೆಂಬ ಜಗಳದಲ್ಲಿ ಎರಡೂ ಪಕ್ಷಗಳಿಗೆ ಹೇಳಲು ಬೇಕಾದಷ್ಟಿದೆ. ನನಗೆ ಕಂಡದ್ದಿಷ್ಟು: ಭಾಷಣದ ಸಾಲು ಹಣವನ್ನು ಹೊರಡಿಸುವುದಿಲ್ಲ, ಯೋಜನೆಗೆ ಅನುಮೋದನೆ, ಷರತ್ತು, ಲೆಕ್ಕಶೀರ್ಷಿಕೆ, ಬಿಡುಗಡೆ ಆದೇಶ ಎಲ್ಲವೂ ಸರತಿಯಲ್ಲಿ ನಿಂತಿರುತ್ತವೆ.

ಹಾಗೆಂದು ಏನೂ ಕೈಗೂಡುವುದೇ ಇಲ್ಲವೆಂದೂ ಅಲ್ಲ. 1964ರಲ್ಲಿ ಲಿಂಗನಮಕ್ಕಿ ಅಣೆಕಟ್ಟು ಮುಗಿದು ಶರಾವತಿಯ ಹಿನ್ನೀರು ಹರಡಿದ ಮೇಲೆ ತುಮರಿ, ಸಿಗಂದೂರು ಕಡೆಯವರಿಗೆ ಹೊರಜಗತ್ತಿನ ದಾರಿಯೆಂದರೆ ಲಾಂಚ್ ಆಗಿತ್ತು. ಕೊನೆಯ ಲಾಂಚ್ ತಪ್ಪಿಸಿಕೊಂಡು ಅಂಬಾರಗೋಡ್ಲಿನ ದಡದಲ್ಲಿ ರಾತ್ರಿ ಕಳೆದದ್ದು ನನಗೂ ಒಂದು ಸಲ ಆಗಿದೆ. 2018ರಲ್ಲಿ ಶಂಕುಸ್ಥಾಪನೆಯಾದ, 2.44 ಕಿಲೋಮೀಟರ್ ಉದ್ದದ ಕೇಬಲ್ ಸೇತುವೆ 2025ರ ಜುಲೈ 14ರಂದು ಸಂಚಾರಕ್ಕೆ ತೆರೆಯಿತು. ಸುಮಾರು 470 ಕೋಟಿ ರೂಪಾಯಿಯ ಈ ಕೆಲಸ ರಾಷ್ಟ್ರೀಯ ಹೆದ್ದಾರಿಯ ಭಾಗವಾದ್ದರಿಂದ ಹಣ ಬಂದದ್ದು ಕೇಂದ್ರದ ಖಾತೆಯಿಂದ. ಹಿಂದೆ ಹತ್ತಾರು ಸಲ ಭರವಸೆಯ ರೂಪದಲ್ಲಿ ತೇಲಿದ ಸೇತುವೆ ಅದು. ಅದಕ್ಕೆ ಹೆದ್ದಾರಿಯ ಸಂಖ್ಯೆ ಸಿಕ್ಕು, ಒಂದೇ ಕಾಮಗಾರಿಯಾಗಿ ಟೆಂಡರ್ ಆಗಿ, ಹಣದ ಹರಿವು ನಿಲ್ಲದೆ ಬಂದಾಗ ಏಳು ವರ್ಷದಲ್ಲಿ ಮುಗಿಯಿತು. ಅದರ ಮೇಲೆ ಮೊದಲ ಸಲ ಬಸ್ಸಿನಲ್ಲಿ ದಾಟಿದಾಗ ನಾಲ್ಕು ನಿಮಿಷವೂ ಆಗಲಿಲ್ಲ. ಪಕ್ಕದಲ್ಲಿ ಕುಳಿತಿದ್ದ ಅಜ್ಜಿಯೊಬ್ಬರು "ಇಷ್ಟೇಯಾ?" ಎಂದು ಕೇಳಿದರು.

ನಮ್ಮ ಹಳ್ಳದ ಸೇತುವೆಯಾದರೋ ಅದರ ಐನೂರನೆಯ ಒಂದು ಭಾಗದಷ್ಟೂ ಖರ್ಚಿನದಲ್ಲ. ಮಲೆನಾಡು, ಕರಾವಳಿಯ ಇಂಥ ಸಂಕಗಳಿಗೆಂದೇ ಶಾಲಾ ಸಂಪರ್ಕ ಸೇತು ಎಂಬ ಹೆಸರಿನ ಯೋಜನೆಯೂ ಬಂದಿತ್ತು. ಪಕ್ಕದೂರಿಗೆ ಅದರಲ್ಲಿ ಒಂದು ಕಿರುಸೇತುವೆ ಆಗಿದೆ, ಗಟ್ಟಿಯಾಗಿಯೂ ಇದೆ. ನಮ್ಮದು ಬೇರೆ ಶೀರ್ಷಿಕೆಗೆ ಸೇರಿಕೊಂಡು ಕುಳಿತಿತು. ಕಳೆದ ಬೇಸಿಗೆಯಲ್ಲಿ ಒಂದು ದಡದಲ್ಲಿ ಕಂಬದ ಅಡಿಪಾಯ ಎದ್ದಿತು, ಕಬ್ಬಿಣದ ಸರಳುಗಳು ಹೊರಗೆ ಚಾಚಿಕೊಂಡಿವೆ, ಈಗ ಅವುಗಳಿಗೆ ತುಕ್ಕು ಹಿಡಿಯುತ್ತಿದೆ. ಮೊದಲ ಬಿಲ್ಲು ಪಾವತಿಯಾದ ಮೇಲೆಯೇ ಉಳಿದ ಕೆಲಸವೆಂದು ಗುತ್ತಿಗೆದಾರರು ಹೇಳಿದ್ದಾರೆ.

ಹೋದ ತಿಂಗಳು ಶಾಸಕರಿಗೆ ಒಂದು ಪುಟದ ಪತ್ರ ಬರೆದೆ. ಸೇತುವೆ ಬೇಕೆಂದು ಕೇಳಲಿಲ್ಲ; ಅದನ್ನು ಊರಿನವರು ಇಪ್ಪತ್ತು ವರ್ಷದಿಂದ ಕೇಳುತ್ತಿದ್ದಾರೆ. ಈ ಶೀರ್ಷಿಕೆಯಡಿ ನಮ್ಮ ಕ್ಷೇತ್ರದಲ್ಲಿ ಅನುಮೋದನೆಯಾದ ಕಾಮಗಾರಿಗಳ ಒಟ್ಟು ಮೊತ್ತವೆಷ್ಟು, ಬಾಕಿ ಬಿಲ್ಲು ಎಷ್ಟು, ಹೋದ ವರ್ಷ ಬಿಡುಗಡೆಯಾದದ್ದೆಷ್ಟು, ಈ ಮೂರು ಅಂಕಿಗಳನ್ನು ಸದನದಲ್ಲಿ ಲಿಖಿತ ಪ್ರಶ್ನೆಯಾಗಿ ಕೇಳಿ ತರಿಸಿಕೊಡಿ ಎಂದು ವಿನಂತಿಸಿದ್ದೆ. ವಾರದ ಮೇಲೆ ಅವರ ಆಪ್ತ ಸಹಾಯಕರಿಂದ ಫೋನ್ ಬಂತು. ಹುಡುಗ ವಿನಯವಂತ, ನನ್ನ ಶಿಷ್ಯನ ತಮ್ಮನಂತೆ. ಯೋಗಕ್ಷೇಮ ವಿಚಾರಿಸಿ, ಸ್ವಲ್ಪ ತಡೆದು ಕೇಳಿದ: "ಮೇಷ್ಟ್ರೇ, ಪತ್ರದಲ್ಲಿ ಬರ್ದಿದೀರಲ್ಲ, ಆ ಲೆಕ್ಕಶೀರ್ಷಿಕೆ ಅಂದ್ರೆ ಯಾವುದು? ನಂಬರ್ ಇನ್ನೊಂದ್ಸಲ ನಿಧಾನಕ್ಕೆ ಹೇಳಿ, ಬರ್ಕೋತೀನಿ."

ಹಳೆಯ ಚೀಟಿ ಕನ್ನಡಕದ ಡಬ್ಬಿಯಲ್ಲೇ ಇತ್ತು. ಹದಿನೈದು ಅಂಕಿಗಳನ್ನೂ ಒಂದೊಂದಾಗಿ ಹೇಳಿದೆ. ಅವನು ತಿರುಗಿ ಓದಿ ಒಪ್ಪಿಸಿದ. ಎಂಟನೆಯದು ತಪ್ಪಿತ್ತು, ತಿದ್ದಿಸಿದೆ.